ಹಕ್ಕಿಗಳ ಮಿತ್ರ ಡಾ. ಸಲೀಂ ಅಲಿ ಮತ್ತು ನಮ್ಮ ಮಲಪ್ರಭೆಯ ದಂಡೆ



ಮಲಪ್ರಭೆಯ ದಂಡೆಯಲ್ಲಿ ಬಾಳುವ ನಮಗೆ ನೀರಿನ ಬೆಲೆ ಏನೆಂದು ಯಾರೂ ಹೇಳಿಕೊಡಬೇಕಾಗಿಲ್ಲ. ಖಾನಾಪುರ ತಾಲ್ಲೂಕಿನ ಕಣಕುಂಬಿಯಲ್ಲಿ ಹುಟ್ಟುವ ಈ ನದಿ ಕಿತ್ತೂರು ಸೀಮೆಯ ಎಂ.ಕೆ. ಹುಬ್ಬಳ್ಳಿಯನ್ನು ಹಾಯ್ದು, ಬೈಲಹೊಂಗಲ ತಾಲ್ಲೂಕಿನ ಸಂಗೊಳ್ಳಿಯ ಬದಿಯಿಂದ ಸಾಗಿ, ಸವದತ್ತಿಯ ಹತ್ತಿರ ನವಿಲುತೀರ್ಥದಲ್ಲಿ ಅಣೆಕಟ್ಟಿನ ಹಿಂದೆ ನಿಲ್ಲುತ್ತದೆ. ಅಲ್ಲಿಂದ ರಾಮದುರ್ಗದ ಕಡೆಗೆ ಹರಿದು ಕೊನೆಗೆ ಕೂಡಲಸಂಗಮದಲ್ಲಿ ಕೃಷ್ಣೆಯನ್ನು ಸೇರುತ್ತದೆ. ಅಣೆಕಟ್ಟಿನಲ್ಲಿ ಇಂದು ಎಷ್ಟು ಅಡಿ ನೀರಿದೆ, ಕಾಲುವೆಗೆ ಯಾವಾಗ ಬಿಡುತ್ತಾರೆ ಎಂಬುದನ್ನು ನಮ್ಮ ಹಳ್ಳಿಯ ಚಿಕ್ಕ ಹುಡುಗನೂ ಬಲ್ಲ. ಆದರೆ ಅದೇ ನೀರಿನ ಅಂಚಿನಲ್ಲಿ ಯಾವ ಯಾವ ಹಕ್ಕಿಗಳು ನಿಂತಿರುತ್ತವೆ, ಅವು ಎಲ್ಲಿಂದ ಬಂದವು, ಯಾವ ತಿಂಗಳು ಹೊರಟುಹೋದವು ಎಂದು ಕೇಳಿದರೆ ನಮ್ಮಲ್ಲಿ ಎಷ್ಟು ಜನ ಉತ್ತರ ಹೇಳಬಲ್ಲೆವು?

ಇಂತಹ ಪ್ರಶ್ನೆಗಳಿಗೆ ಉತ್ತರ ಹುಡುಕುವುದರಲ್ಲಿಯೇ ಇಡೀ ಆಯುಷ್ಯವನ್ನು ಕಳೆದ ಒಬ್ಬ ಭಾರತೀಯರಿದ್ದರು. ಅವರೇ ಡಾ. ಸಲೀಂ ಅಲಿ. ಅವರ ಹೆಸರಿಗೂ ನಮ್ಮ ನೆಲಕ್ಕೂ ಒಂದು ಸಂಬಂಧವಿದೆ. ಮಲಪ್ರಭೆ ಹುಟ್ಟುವ ಖಾನಾಪುರ ತಾಲ್ಲೂಕಿನಲ್ಲಿಯೇ ಮಹದಾಯಿ ನದಿಯೂ ಹುಟ್ಟುತ್ತದೆ. ಕಳಸಾ-ಬಂಡೂರಿ ವಿಷಯದಿಂದಾಗಿ ಈ ನದಿಯ ಹೆಸರು ನಮ್ಮ ಮನೆಮನೆಗೂ ಗೊತ್ತು. ಮಲಪ್ರಭೆ ಪೂರ್ವಕ್ಕೆ ಮುಖಮಾಡಿದರೆ ಮಹದಾಯಿ ಪಶ್ಚಿಮಕ್ಕೆ ಇಳಿದು, ಗೋವೆಯಲ್ಲಿ ಮಾಂಡೋವಿ ಎಂಬ ಹೆಸರು ಪಡೆದು ಸಮುದ್ರ ಸೇರುತ್ತದೆ. ಸಮುದ್ರಕ್ಕೆ ಸ್ವಲ್ಪ ಮೊದಲು ಅದರ ನಡುವೆ ಚೋರಾವ್ ಎಂಬ ದ್ವೀಪವಿದೆ. ಅಲ್ಲಿನ ಕಾಂಡ್ಲಾ ಕಾಡಿನಲ್ಲಿರುವ ಪಕ್ಷಿಧಾಮಕ್ಕೆ ಇಟ್ಟಿರುವ ಹೆಸರು ಸಲೀಂ ಅಲಿ ಪಕ್ಷಿಧಾಮ. ನಮ್ಮ ಜಿಲ್ಲೆಯ ಕಾಡಿನಲ್ಲಿ ಹುಟ್ಟಿದ ನೀರು ಅವರ ಹೆಸರಿನ ಪಕ್ಷಿಧಾಮವನ್ನು ತೋಯಿಸಿ ಕಡಲಿಗೆ ಹೋಗುತ್ತಿದೆ. ಹಾಗಾದರೆ ಈ ಸಲೀಂ ಅಲಿ ಯಾರು? ಬನ್ನಿ, ತಿಳಿದುಕೊಳ್ಳೋಣ.

ತಬ್ಬಲಿ ಬಾಲಕ ಮತ್ತು ಒಂದು ಗುಬ್ಬಿ

ಸಲೀಂ ಅಲಿಯವರು 1896ರ ನವೆಂಬರ್ 12ರಂದು ಮುಂಬಯಿಯಲ್ಲಿ, ಸುಲೈಮಾನಿ ಬೋಹ್ರಾ ಕುಟುಂಬವೊಂದರಲ್ಲಿ ಜನಿಸಿದರು. ತಂದೆ ಮೊಯಿಜುದ್ದೀನ್ ಅವರಿಗೆ ಇವರು ಒಂಬತ್ತನೆಯ ಮಗು. ಮಗುವಿಗೆ ಒಂದು ವರ್ಷ ತುಂಬುವ ಹೊತ್ತಿಗೆ ತಂದೆ ತೀರಿಕೊಂಡರು, ಮೂರನೆಯ ವರ್ಷದಲ್ಲಿ ತಾಯಿಯೂ ಹೋದರು. ತಬ್ಬಲಿಗಳಾದ ಮಕ್ಕಳನ್ನು ಖೇತವಾಡಿಯಲ್ಲಿದ್ದ ಸೋದರಮಾವ ಅಮೀರುದ್ದೀನ್ ತೈಯಬ್ಜಿ ಮತ್ತು ಅವರ ಪತ್ನಿ ಹಮೀದಾ ಬೇಗಂ ತಮ್ಮ ಮಡಿಲಿಗೆ ಹಾಕಿಕೊಂಡು ಸಾಕಿದರು. 1930ರ ಉಪ್ಪಿನ ಸತ್ಯಾಗ್ರಹದಲ್ಲಿ ಸೆರೆಮನೆ ಸೇರಿದ ಅಬ್ಬಾಸ್ ತೈಯಬ್ಜಿಯವರೂ ಇದೇ ಬಳಗದ ಹಿರಿಯರು.

ಆ ಕಾಲದಲ್ಲಿ ಬೇಟೆ ಎಂಬುದು ಗಂಡುಮಕ್ಕಳ ಆಟವಾಗಿತ್ತು. ಬಾಲಕ ಸಲೀಮನ ಕೈಗೂ ಒಂದು ಆಟಿಕೆಯ ಗಾಳಿಬಂದೂಕು ಬಂದಿತು. ಒಂದು ದಿನ ಅದರಿಂದ ಗುಬ್ಬಿಯೊಂದನ್ನು ಹೊಡೆದುರುಳಿಸಿದ. ಎತ್ತಿ ನೋಡಿದರೆ ಅದರ ಕತ್ತಿನ ಮೇಲೆ ಹಳದಿ ಬಣ್ಣದ ಮಚ್ಚೆಯಿತ್ತು. ದಿನವೂ ಮನೆಯಂಗಳದಲ್ಲಿ ಕಾಣುವ ಗುಬ್ಬಿಯಂತೆ ಅದು ಇರಲಿಲ್ಲ. ಬೇರೆ ಹುಡುಗನಾಗಿದ್ದರೆ ಅದನ್ನು ಎಸೆದು ಮುಂದಿನ ಬೇಟೆಗೆ ಹೊರಡುತ್ತಿದ್ದ. ಸಲೀಂ ಮಾವನನ್ನು ಕೇಳಿದ. ಮಾವ ಅವನನ್ನು ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿಗೆ ಕಳಿಸಿದರು. ಅಲ್ಲಿ ಕಾರ್ಯದರ್ಶಿಯಾಗಿದ್ದ ಮಿಲ್ಲಾರ್ಡ್ ಎಂಬ ಆಂಗ್ಲರು ಅದನ್ನು ಹಳದಿ ಕತ್ತಿನ ಗುಬ್ಬಿ ಎಂದು ಗುರುತಿಸಿದರು. ಅಷ್ಟಕ್ಕೇ ಬಿಡದೆ ಸಂಸ್ಥೆಯ ಸಂಗ್ರಹದಲ್ಲಿದ್ದ ಹಕ್ಕಿಗಳನ್ನೆಲ್ಲ ಬಿಚ್ಚಿ ತೋರಿಸಿದರು, ಓದಲು ಪುಸ್ತಕ ಕೊಟ್ಟರು. ಮುಂದೆ 1985ರಲ್ಲಿ ತಮ್ಮ ಆತ್ಮಕಥೆಗೆ ಹೆಸರಿಡುವಾಗ ಸಲೀಂ ಅಲಿಯವರು ಆ ಗುಬ್ಬಿಯ ಪತನವನ್ನೇ ನೆನೆದರು.

ವಿದ್ಯಾರ್ಥಿ ಮಿತ್ರರೇ, ಇಲ್ಲಿ ಒಂದು ಮಾತನ್ನು ಗಮನಿಸಿ. ಆ ಹುಡುಗನ ಬಳಿ ವಿಶೇಷವಾದ ಜ್ಞಾನವೇನೂ ಇರಲಿಲ್ಲ. ಇದು ಎಂದಿನ ಗುಬ್ಬಿಯಲ್ಲ ಎಂಬ ಒಂದು ಸಂಶಯ ಮಾತ್ರ ಇತ್ತು. ಆ ಸಂಶಯವನ್ನು ಗದರಿಸದೆ ಉತ್ತರವಿರುವ ಕಡೆಗೆ ಕಳಿಸುವ ಹಿರಿಯರೊಬ್ಬರು ಮನೆಯಲ್ಲಿದ್ದರು.

ಪರೀಕ್ಷೆಯಲ್ಲಿ ಹಿಂದೆ, ಬಯಲಿನಲ್ಲಿ ಮುಂದೆ

ಶಾಲೆಯಲ್ಲಿ ಸಲೀಂ ಮುಂದಿದ್ದ ವಿದ್ಯಾರ್ಥಿಯಲ್ಲ. ಮೊದಲ ಅಕ್ಷರಗಳನ್ನು ಕಲಿತದ್ದು ಅಕ್ಕಂದಿರ ಜೊತೆಗೆ ಗಿರಗಾಂವದ ಒಂದು ಮಿಷನ್ ಬಾಲಿಕಾ ಶಾಲೆಯಲ್ಲಿ. ಹದಿಮೂರರ ಸುಮಾರಿಗೆ ತಲೆನೋವಿನ ಬೇನೆ ಹತ್ತಿಕೊಂಡು ತರಗತಿಗಳು ಮೇಲಿಂದ ಮೇಲೆ ತಪ್ಪಿದವು. ಹವೆ ಬದಲಾದರೆ ಗುಣವಾದೀತೆಂದು ಸಿಂಧ್ ಪ್ರಾಂತಕ್ಕೆ ಕಳಿಸಿದರು. 1913ರಲ್ಲಿ ಮುಂಬಯಿ ವಿಶ್ವವಿದ್ಯಾಲಯದ ಮೆಟ್ರಿಕ್ಯುಲೇಶನ್ ಪರೀಕ್ಷೆಯನ್ನು ಹೇಗೋ ದಾಟಿದರು. ಸೇಂಟ್ ಜೇವಿಯರ್ಸ್ ಕಾಲೇಜಿಗೆ ಸೇರಿದರೂ ಒಂದು ವರ್ಷಕ್ಕೇ ಬಿಟ್ಟು, ಮನೆತನದ ಗಣಿ ಮತ್ತು ಮರದ ವ್ಯಾಪಾರ ನೋಡಿಕೊಳ್ಳಲು ಬರ್ಮಾದ ತವಾಯ್ ಎಂಬಲ್ಲಿಗೆ ಹೋದರು. ವ್ಯಾಪಾರ ಕೈಹಿಡಿಯಲಿಲ್ಲ. ಆದರೆ ಸುತ್ತಲಿನ ಕಾಡು ಕೈಹಿಡಿಯಿತು.

1917ರಲ್ಲಿ ಮುಂಬಯಿಗೆ ಮರಳಿ ಲೆಕ್ಕಪತ್ರ ಮತ್ತು ವಾಣಿಜ್ಯ ಕಾನೂನು ಓದತೊಡಗಿದರು. ಅವರ ಮನಸ್ಸು ಎಲ್ಲಿದೆ ಎಂಬುದನ್ನು ಸೇಂಟ್ ಜೇವಿಯರ್ಸ್‌ನ ಫಾದರ್ ಬ್ಲಾಟರ್ ಗುರುತಿಸಿ ಪ್ರಾಣಿಶಾಸ್ತ್ರ ಓದುವಂತೆ ಒಪ್ಪಿಸಿದರು. 1918ರ ಡಿಸೆಂಬರಿನಲ್ಲಿ ತೆಹಮೀನಾ ಬೇಗಂ ಅವರೊಡನೆ ವಿವಾಹವಾಯಿತು. ಭಾರತೀಯ ಪ್ರಾಣಿ ಸರ್ವೇಕ್ಷಣ ಸಂಸ್ಥೆಯಲ್ಲಿ ಪಕ್ಷಿತಜ್ಞರ ಹುದ್ದೆಗೆ ಪ್ರಯತ್ನಿಸಿದಾಗ ವಿಶ್ವವಿದ್ಯಾಲಯದ ಪದವಿ ಇಲ್ಲವೆಂಬ ಕಾರಣಕ್ಕೆ ಅದು ಸಿಗಲಿಲ್ಲ. 1926ರಲ್ಲಿ ಮುಂಬಯಿಯ ಪ್ರಿನ್ಸ್ ಆಫ್ ವೇಲ್ಸ್ ವಸ್ತುಸಂಗ್ರಹಾಲಯದಲ್ಲಿ ಬಂದವರಿಗೆ ವಿವರಿಸಿ ಹೇಳುವ ಕೆಲಸ ಸಿಕ್ಕಿತು. ಎರಡು ವರ್ಷ ದುಡಿದ ಮೇಲೆ ತಮಗೆ ಶಾಸ್ತ್ರೀಯ ತರಬೇತಿ ಸಾಲದೆಂಬುದು ಅವರಿಗೇ ಮನವರಿಕೆಯಾಯಿತು. ರಜೆ ಹಾಕಿ ಜರ್ಮನಿಗೆ ಹೋಗಿ, ಬರ್ಲಿನ್ ವಿಶ್ವವಿದ್ಯಾಲಯದ ಪ್ರಾಣಿ ಸಂಗ್ರಹಾಲಯದಲ್ಲಿ ಎರ್ವಿನ್ ಸ್ಟ್ರೆಸೆಮಾನ್ ಎಂಬ ಹೆಸರಾಂತ ಪಕ್ಷಿವಿಜ್ಞಾನಿಯ ಕೈಕೆಳಗೆ ಕಲಿತರು. ಮೂವತ್ತು ದಾಟಿದ, ಹೆಂಡತಿಯಿರುವ ಗೃಹಸ್ಥನೊಬ್ಬ ಮತ್ತೆ ವಿದ್ಯಾರ್ಥಿಯಾಗಿ ಕುಳಿತ ಸಂಗತಿ ಇದು. ಪದವಿಯಿಲ್ಲದೆಯೂ ದೊಡ್ಡವರಾದರು ಎಂದು ಇವರ ಕಥೆಯನ್ನು ಹೇಳಿ ಓದನ್ನು ಹಗುರಮಾಡುವವರು ಈ ಭಾಗವನ್ನು ಮರೆಯಬಾರದು. ಸಲೀಂ ಅಲಿ ಓದನ್ನು ಬಿಡಲಿಲ್ಲ. ಯಾವ ಓದು ತಮಗೆ ಬೇಕೋ ಅದನ್ನು ಹುಡುಕಿಕೊಂಡು ದೇಶದಾಚೆಗೆ ಹೋದರು.

ಗೀಜಗನ ಗೂಡಿನ ಪಾಠ

1930ರಲ್ಲಿ ಮರಳಿ ಬಂದಾಗ ಹಣವಿಲ್ಲವೆಂದು ವಸ್ತುಸಂಗ್ರಹಾಲಯ ಅವರ ಹುದ್ದೆಯನ್ನೇ ತೆಗೆದುಹಾಕಿತ್ತು. ಕೈಯಲ್ಲಿ ವಿದ್ಯೆ ಇತ್ತು, ಕೆಲಸವಿರಲಿಲ್ಲ. ದಂಪತಿಗಳು ಮುಂಬಯಿ ಬಿಟ್ಟು ಅಲಿಬಾಗದ ಹತ್ತಿರದ ಕಿಹಿಮ್ ಎಂಬ ಕಡಲತೀರದ ಹಳ್ಳಿಗೆ ಹೋಗಿ ನೆಲೆಸಿದರು. ಮನೆಯ ಸಮೀಪದಲ್ಲಿಯೇ ಗೀಜಗಗಳು ಗೂಡು ಕಟ್ಟುತ್ತಿದ್ದವು. ನಮ್ಮ ಹೊಲದ ಬಾವಿಗಳ ಮೇಲೆ, ಹಳ್ಳದ ಜಾಲಿಗಿಡಗಳ ಟೊಂಗೆಗಳಲ್ಲಿ ಬುರುಡೆಯಂತೆ ತೂಗಾಡುವ ಗೂಡುಗಳನ್ನು ನೀವೆಲ್ಲ ನೋಡಿದ್ದೀರಿ. ಸಲೀಂ ಅಲಿಯವರು ಆ ಗೂಡುಗಳ ಎದುರು ದಿನಗಟ್ಟಲೆ, ತಿಂಗಳುಗಟ್ಟಲೆ ಕುಳಿತರು. ಕಂಡದ್ದನ್ನು ಕಂಡಂತೆ ಬರೆದಿಟ್ಟರು.

ಅವರಿಗೆ ಕಂಡದ್ದೇನು? ಗೂಡು ಕಟ್ಟುವುದು ಗಂಡುಹಕ್ಕಿ. ಅರ್ಧ ನೇಯ್ದಾದ ಮೇಲೆ ಹೆಣ್ಣುಹಕ್ಕಿಗಳು ಬಂದು ಒಳಹೊಕ್ಕು ಪರೀಕ್ಷೆ ಮಾಡುತ್ತವೆ. ಮೆಚ್ಚಿಗೆಯಾದರೆ ಹೆಣ್ಣು ಅಲ್ಲಿ ನಿಲ್ಲುತ್ತದೆ, ಗಂಡು ಗೂಡನ್ನು ಪೂರ್ತಿಮಾಡುತ್ತದೆ. ಮೊಟ್ಟೆಗಳ ಜವಾಬ್ದಾರಿ ಹೆಣ್ಣಿಗೆ ಬಿಟ್ಟು ಗಂಡು ಮತ್ತೊಂದು ಗೂಡು ಹಾಕಲು ಶುರುಮಾಡುತ್ತದೆ. ಹೀಗೆ ಒಂದು ಋತುವಿನಲ್ಲಿ ಒಂದರ ನಂತರ ಒಂದು ಸಂಸಾರ. ಸಾವಿರಾರು ವರ್ಷಗಳಿಂದ ರೈತರ ಕಣ್ಣೆದುರಿಗೇ ನಡೆಯುತ್ತಿದ್ದ ಈ ವ್ಯವಹಾರವನ್ನು ಕ್ರಮವಾಗಿ ಗಮನಿಸಿ ಜಗತ್ತಿನ ವಿಜ್ಞಾನಿಗಳ ಮುಂದೆ ಇಟ್ಟವರು ಕೆಲಸ ಕಳೆದುಕೊಂಡು ಕುಳಿತಿದ್ದ ಈ ಮನುಷ್ಯ. ಇದಕ್ಕೆ ದೊಡ್ಡ ಯಂತ್ರಗಳು ಬೇಕಾಗಲಿಲ್ಲ. ತಾಳ್ಮೆ, ಒಂದು ನೋಟ್‌ಬುಕ್ಕು, ಅದೇ ದಿನ ಬರೆದಿಡುವ ಶಿಸ್ತು ಇಷ್ಟೇ ಸಾಕಾಯಿತು.

ನಮ್ಮ ನಾಡಿನಲ್ಲಿ ಸಲೀಂ ಅಲಿ

ಆ ಬಳಿಕ ಅವರು ಒಂದು ಉಪಾಯ ಕಂಡುಕೊಂಡರು. ಖರ್ಚು ಕೊಟ್ಟರೆ ಸಾಕು, ಸಂಬಳವಿಲ್ಲದೆ ನಿಮ್ಮ ಸಂಸ್ಥಾನದ ಹಕ್ಕಿಗಳ ಸಮೀಕ್ಷೆ ಮಾಡಿಕೊಡುತ್ತೇನೆಂದು ದೇಶೀ ಅರಸರಿಗೆ ತಿಳಿಸಿದರು. ಮೊದಲು ನಡೆದದ್ದು ಹೈದರಾಬಾದ್ ಸಂಸ್ಥಾನದ ಸಮೀಕ್ಷೆ. ಬೀದರ, ಕಲಬುರಗಿ, ರಾಯಚೂರು ಜಿಲ್ಲೆಗಳು ಆಗ ಅದೇ ಸಂಸ್ಥಾನದಲ್ಲಿದ್ದವು. ನಂತರ ತಿರುವಾಂಕೂರು, ಕೊಚ್ಚಿ, ಇಂದೂರು, ಗ್ವಾಲಿಯರ್, ಭೋಪಾಲ ಹೀಗೆ ಎತ್ತಿನ ಗಾಡಿಯೇ ದಾರಿ ಕಾಣದಂಥ ಕಾಡುಗಳಲ್ಲಿ ಡೇರೆ ಹಾಕಿಕೊಂಡು ತಿರುಗಿದರು. ತೆಹಮೀನಾ ಬೇಗಂ ಪತಿಯ ಜೊತೆಗೇ ಇದ್ದು ಈ ಅಲೆದಾಟದ ಸಂಸಾರವನ್ನು ನಡೆಸಿದರು. 1939ರಲ್ಲಿ ಒಂದು ಸಣ್ಣ ಶಸ್ತ್ರಚಿಕಿತ್ಸೆಯ ತರುವಾಯ ಅವರು ತೀರಿಕೊಂಡರು. ಸಲೀಂ ಅಲಿಯವರ ಜೀವನದಲ್ಲಿ ಇದಕ್ಕಿಂತ ದೊಡ್ಡ ಪೆಟ್ಟು ಬೇರೊಂದಿರಲಿಲ್ಲ. ಆ ಮೇಲೆ ಅವರು ಮತ್ತೆ ಮದುವೆಯಾಗಲಿಲ್ಲ, ಸೋದರಿ ಕಮೂ ಅವರ ಮನೆಯೇ ಅವರ ಮನೆಯಾಯಿತು.

ಅದೇ ದುಃಖದ ಬೆನ್ನಿಗೇ ಅವರು ಮೈಸೂರು ಸಂಸ್ಥಾನದ ಸಮೀಕ್ಷೆಗೆ ಬಂದರು. ಅದರ ವರದಿ ಮೈಸೂರಿನ ಹಕ್ಕಿಗಳ ಕುರಿತ ಲೇಖನಮಾಲೆಯಾಗಿ 1942-43ರಲ್ಲಿ ಮುಂಬಯಿಯ ಸೊಸೈಟಿಯ ಪತ್ರಿಕೆಯಲ್ಲಿ ಪ್ರಕಟವಾಯಿತು. ಈ ಭೇಟಿಯ ಹೊತ್ತಿಗೆ ಶ್ರೀರಂಗಪಟ್ಟಣದ ಹತ್ತಿರ ಕಾವೇರಿಯ ನಡುವಿನ ನಡುಗಡ್ಡೆಗಳು ಅವರ ಕಣ್ಣಿಗೆ ಬಿದ್ದವು. ಆ ನಡುಗಡ್ಡೆಗಳು ತಾವಾಗಿಯೇ ಹುಟ್ಟಿದವಲ್ಲ. 17ನೆಯ ಶತಮಾನದಲ್ಲಿ ಮೈಸೂರಿನ ಅರಸರು ನೀರಾವರಿಗಾಗಿ ನದಿಗೆ ಅಡ್ಡಲಾಗಿ ಕಟ್ಟಿಸಿದ ಒಡ್ಡಿನಿಂದ ನೀರು ಹರಡಿ ಅವು ಉಂಟಾಗಿದ್ದವು. ಸುತ್ತ ನೀರಿದ್ದುದರಿಂದ ನರಿ-ನಾಯಿಗಳ ಕಾಟವಿಲ್ಲ, ತಿನ್ನಲು ಮೀನು ಹೇರಳ. ಆದ್ದರಿಂದ ಬಣ್ಣದ ಕೊಕ್ಕರೆ, ಬಾಯ್ಕಳಕ, ಚಮಚದ ಕೊಕ್ಕಿನ ಹಕ್ಕಿ, ಬೆಳ್ಳಕ್ಕಿ, ನೀರುಕಾಗೆ, ಹಾವಕ್ಕಿಗಳು ಅಲ್ಲಿ ಗುಂಪುಗುಂಪಾಗಿ ಗೂಡು ಕಟ್ಟಿಕೊಂಡಿದ್ದವು. ಇದು ಬರಿಯ ಬೆಳ್ಳಕ್ಕಿಗಳ ಗದ್ದಲವಲ್ಲ, ಕಾಪಾಡಬೇಕಾದ ಆಸ್ತಿ ಎಂಬುದನ್ನು ಸಲೀಂ ಅಲಿಯವರು ಮೈಸೂರು ಅರಮನೆಗೆ ಮನವರಿಕೆ ಮಾಡಿಕೊಟ್ಟರು. 1940ರಲ್ಲಿ ಅದು ಪಕ್ಷಿಧಾಮವಾಯಿತು. ಅದೇ ಇಂದಿನ ರಂಗನತಿಟ್ಟು. ಕೊಕ್ಕರೆಗಳ ಜೊತೆಗೆ ಮೊಸಳೆ, ನೀರುನಾಯಿಗಳಿಗೂ ಅದು ಆಶ್ರಯ. 2022ರಲ್ಲಿ ಅದು ರಾಮ್ಸಾರ್ ಒಪ್ಪಂದದ ಅಂತರರಾಷ್ಟ್ರೀಯ ಪಟ್ಟಿಗೆ ಸೇರಿ, ಆ ಗೌರವ ಪಡೆದ ಕರ್ನಾಟಕದ ಮೊದಲ ಜೌಗು ನೆಲವಾಯಿತು.

ರಂಗನತಿಟ್ಟಿನ ಕಥೆಯನ್ನು ನಾವು ಒಂದು ಕಾರಣಕ್ಕಾಗಿ ನೆನಪಿಡಬೇಕು. ಅದು ಮನುಷ್ಯ ತನ್ನ ಗದ್ದೆಗಾಗಿ ನಿಲ್ಲಿಸಿದ ನೀರು. ನವಿಲುತೀರ್ಥದ ರೇಣುಕಾ ಸಾಗರವೂ ಅಷ್ಟೇ. ಮನುಷ್ಯ ಕಟ್ಟಿದ ನೀರೆಂದ ಮಾತ್ರಕ್ಕೆ ಹಕ್ಕಿಗಳು ಅದನ್ನು ಕೀಳಾಗಿ ಕಾಣುವುದಿಲ್ಲ. ಚಳಿಗಾಲ ಕಳೆದು ನೀರು ಇಳಿಯುತ್ತ ಹೋದಂತೆ ಬಿಚ್ಚಿಕೊಳ್ಳುವ ಕೆಸರಿನ ಅಂಚು ಉದ್ದಕಾಲಿನ ಹಕ್ಕಿಗಳಿಗೆ ಊಟದ ತಟ್ಟೆಯಾಗುತ್ತದೆ. ಭದ್ರಾ ಜಲಾಶಯದಲ್ಲಿ ಬೇಸಿಗೆಗೆ ತಲೆಯೆತ್ತುವ ನಡುಗಡ್ಡೆಗಳ ಮೇಲೆ ರೀವಗಳೆಂಬ ನದಿಹಕ್ಕಿಗಳು ಪ್ರತಿವರ್ಷ ಬಂದು ಬರಿನೆಲದಲ್ಲಿಯೇ ಮೊಟ್ಟೆಯಿಡುತ್ತವೆ. ಅಂಥ ಜಾಗವನ್ನು ಒಬ್ಬರು ನೋಡಬೇಕು, ಗುರುತಿಸಬೇಕು, ಕೇಳಬೇಕು. ಕಾವೇರಿಗೆ ಒಬ್ಬ ಸಲೀಂ ಅಲಿ ಸಿಕ್ಕರು.

ಹಾರುವ ಹಕ್ಕಿಯ ಜಾಡು

1941ರಲ್ಲಿ ಅವರ ಭಾರತೀಯ ಹಕ್ಕಿಗಳ ಪುಸ್ತಕ ಹೊರಬಂದಿತು. ಅಲ್ಲಿಯವರೆಗೆ ಪಕ್ಷಿಶಾಸ್ತ್ರವೆಂದರೆ ಆಂಗ್ಲ ಅಧಿಕಾರಿಗಳ ಹವ್ಯಾಸವಾಗಿತ್ತು. ನಮ್ಮ ಭಾಗದ ಹಕ್ಕಿಗಳನ್ನು 1881ರಲ್ಲಿ ಪಟ್ಟಿಮಾಡಿದವರೂ ಬಟ್ಲರ್ ಎಂಬ ಆಂಗ್ಲ ಸೇನಾಧಿಕಾರಿಯೇ. ಸಲೀಂ ಅಲಿಯವರ ಪುಸ್ತಕ ಬಣ್ಣದ ಚಿತ್ರಗಳೊಂದಿಗೆ, ಸಾಮಾನ್ಯನಿಗೂ ತಿಳಿಯುವಂತೆ ಹಕ್ಕಿಗಳನ್ನು ಪರಿಚಯಿಸಿತು. 1945ರಲ್ಲಿ ಕಚ್ಛದ ರಣದ ಉಪ್ಪುನೀರಿನ ನಡುವೆ ರಾಜಹಂಸಗಳು ಲಕ್ಷಗಟ್ಟಲೆ ಸೇರಿ ಮರಿಮಾಡುವ ಜಾಗವನ್ನು ಅವರು ಹೋಗಿ ನೋಡಿ ಬರೆದರು. ಸ್ವಾತಂತ್ರ್ಯ ಬಂದ ಬಳಿಕ ಮುಂಬಯಿಯ ಸೊಸೈಟಿ ಹಣವಿಲ್ಲದೆ ಮುಚ್ಚುವ ಸ್ಥಿತಿಗೆ ಬಂದಾಗ ಪ್ರಧಾನಿ ನೆಹರೂ ಅವರಿಗೆ ಪತ್ರ ಬರೆದು ಸರಕಾರದ ನೆರವು ತಂದರು.

1957ರಲ್ಲಿ ನಮ್ಮ ರಾಜ್ಯದ ಶಿವಮೊಗ್ಗ ಜಿಲ್ಲೆಯ ಕ್ಯಾಸನೂರು ಕಾಡಿನಲ್ಲಿ ಮಂಗಗಳು ಸಾಯತೊಡಗಿ, ಜನರಿಗೂ ಜ್ವರ ಹರಡಿತು. ನಾವು ಮಂಗನ ಕಾಯಿಲೆ ಎನ್ನುವ ಆ ರೋಗದ ವೈರಾಣು ರಷ್ಯಾದ ಕಡೆಯ ಒಂದು ವೈರಾಣುವನ್ನು ಹೋಲುತ್ತಿದ್ದುದರಿಂದ, ವಲಸೆ ಹಕ್ಕಿಗಳು ಅದನ್ನು ಹೊತ್ತು ತಂದಿರಬಹುದೇ ಎಂಬ ಅನುಮಾನ ಹುಟ್ಟಿತು. ವಿಶ್ವ ಆರೋಗ್ಯ ಸಂಸ್ಥೆಯ ನೆರವಿನಿಂದ ಸಲೀಂ ಅಲಿ ಮತ್ತು ಅವರ ಸಂಗಡಿಗರು ಹಕ್ಕಿಗಳನ್ನು ಬಲೆಯಲ್ಲಿ ಹಿಡಿದು, ಕಾಲಿಗೆ ಅಂಕಿಯುಳ್ಳ ಉಂಗುರ ತೊಡಿಸಿ ಬಿಡುವ ದೊಡ್ಡ ಕಾರ್ಯ ಕೈಗೊಂಡರು. ರೋಗ ಹರಡುವುದು ಉಣ್ಣೆಗಳಿಂದ ಎಂಬುದು ಸ್ಪಷ್ಟವಾಯಿತು, ಹಕ್ಕಿಗಳ ಮೇಲಿನ ಆ ಅಪವಾದ ನಿಲ್ಲಲಿಲ್ಲ. ಆದರೆ ಉಂಗುರ ತೊಡಿಸುವ ಕೆಲಸದಿಂದ ಯಾವ ಹಕ್ಕಿ ಎಲ್ಲಿಂದ ಎಲ್ಲಿಗೆ ಹೋಗುತ್ತದೆ ಎಂಬ ಜಾಡು ಸಿಗತೊಡಗಿತು. ನಮ್ಮ ನೆರೆಯ ಗದಗ ಜಿಲ್ಲೆಯ ಮಾಗಡಿ ಕೆರೆಗೆ ಚಳಿಗಾಲದಲ್ಲಿ ಬಂದಿಳಿಯುವ ಪಟ್ಟೆತಲೆಯ ಹೆಬ್ಬಾತುಗಳು ಹಿಮಾಲಯವನ್ನು ದಾಟಿ ಬರುತ್ತವೆ. ಮಂಗೋಲಿಯಾದಲ್ಲಿ ಕೊರಳಪಟ್ಟಿ ತೊಡಿಸಿದ ಹೆಬ್ಬಾತುಗಳು ಕರ್ನಾಟಕದ ಕೆರೆಗಳಲ್ಲಿ ಕಾಣಿಸಿವೆ. 2024ರಲ್ಲಿ ಮಾಗಡಿ ಕೆರೆಯೂ ರಾಮ್ಸಾರ್ ಪಟ್ಟಿಗೆ ಸೇರಿತು. ನಮ್ಮ ಊರುಗಳಿಂದ ಒಂದು ದಿನದಲ್ಲಿ ಹೋಗಿ ಬರಬಹುದಾದ ಕೆರೆ ಅದು.

ಅಮೆರಿಕದ ಡಿಲ್ಲನ್ ರಿಪ್ಲೆಯವರೊಡನೆ ಸೇರಿ ಅವರು ರಚಿಸಿದ ಭಾರತ ಮತ್ತು ಪಾಕಿಸ್ತಾನದ ಹಕ್ಕಿಗಳ ಕೈಪಿಡಿ ಹತ್ತು ಸಂಪುಟಗಳಲ್ಲಿ 1968ರಿಂದ 1974ರವರೆಗೆ ಪ್ರಕಟವಾಯಿತು. ಕೊನೆಯ ಸಂಪುಟ ಹೊರಬಂದಾಗ ಅವರಿಗೆ ಎಪ್ಪತ್ತೇಳು ದಾಟಿತ್ತು. ಮೋಟರ್ ಸೈಕಲ್ಲಿನ ಮೇಲೂ ಅವರಿಗೆ ಬಹಳ ಪ್ರೀತಿ. 1950ರಲ್ಲಿ ಸ್ವೀಡನ್ನಿನಲ್ಲಿ ನಡೆದ ಪಕ್ಷಿವಿಜ್ಞಾನಿಗಳ ಸಮ್ಮೇಳನಕ್ಕೆ ತಮ್ಮ ಸನ್‌ಬೀಮ್ ಬೈಕನ್ನೂ ಹಡಗಿನಲ್ಲಿ ಒಯ್ದು ಯುರೋಪನ್ನು ಸುತ್ತಿದರು.

ಭರತಪುರದ ಎರಡು ಮುಖ

ಮಿತ್ರರೇ, ದೊಡ್ಡವರ ಜೀವನವನ್ನು ಬರೆಯುವಾಗ ಹೂವನ್ನಷ್ಟೇ ತೋರಿಸಿ ಮುಳ್ಳನ್ನು ಮರೆಮಾಡುವ ರೂಢಿ ನಮ್ಮಲ್ಲಿದೆ. ಸಲೀಂ ಅಲಿಯವರಂಥ ಸತ್ಯಪ್ರಿಯರಿಗೆ ಅದು ಮರ್ಯಾದೆಯಲ್ಲ. ಆದ್ದರಿಂದ ಭರತಪುರದ ಸಂಗತಿಯನ್ನು ಪೂರ್ತಿಯಾಗಿ ಹೇಳಬೇಕು.

ರಾಜಸ್ಥಾನದ ಭರತಪುರದಲ್ಲಿ ಅರಸರು ಒಡ್ಡು ಹಾಕಿಸಿ ನೀರು ನಿಲ್ಲಿಸಿದ ಕೇವಲಾದೇವ ಎಂಬ ಜೌಗು ಪ್ರದೇಶವಿದೆ. ಬಾತುಗಳ ಬೇಟೆಗೆ ಅದು ಕುಪ್ರಸಿದ್ಧವಾಗಿತ್ತು. 1938ರಲ್ಲಿ ವೈಸರಾಯ್ ಲಿನ್ಲಿತ್ಗೋ ಬಂದಾಗ ಒಂದೇ ದಿನ ನಾಲ್ಕು ಸಾವಿರಕ್ಕೂ ಹೆಚ್ಚು ಹಕ್ಕಿಗಳನ್ನು ಕೊಂದರು. ಸ್ವಾತಂತ್ರ್ಯದ ನಂತರ ಆ ನೀರನ್ನು ಬಸಿದು ಹೊಲ ಮಾಡಬೇಕೆಂಬ ಒತ್ತಾಯ ಬಂದಿತು. ಸಲೀಂ ಅಲಿಯವರು ನೆಹರೂ ಅವರ ತನಕ ಹೋಗಿ ಅದನ್ನು ಉಳಿಸಿದರು. 1985ರಲ್ಲಿ ಅದು ವಿಶ್ವ ಪರಂಪರೆಯ ತಾಣವಾಯಿತು. ಇದು ಒಂದು ಮುಖ.

ಇನ್ನೊಂದು ಮುಖ ಹೀಗಿದೆ. ಸುತ್ತಲಿನ ಹಳ್ಳಿಗಳ ಎಮ್ಮೆಗಳು ಹಿಂದಿನಿಂದಲೂ ಅಲ್ಲಿ ಮೇಯುತ್ತಿದ್ದವು. ಅವುಗಳಿಂದ ಹಕ್ಕಿಗಳಿಗೆ ಕೇಡೆಂದು ಭಾವಿಸಿ ಸಲೀಂ ಅಲಿ ಮತ್ತು ಅವರ ಸಂಸ್ಥೆ ಮೇಯಿಸುವುದನ್ನು ನಿಲ್ಲಿಸಬೇಕೆಂದು ಹೇಳಿದ್ದರು. ರಾಷ್ಟ್ರೀಯ ಉದ್ಯಾನವಾದಾಗ, 1982ರಲ್ಲಿ, ಮೇವು ನಿಷೇಧಿಸಲಾಯಿತು. ಹಳ್ಳಿಗರು ಸಿಟ್ಟಿಗೆದ್ದರು, ಘರ್ಷಣೆಯಾಗಿ ಪೊಲೀಸರ ಗುಂಡಿಗೆ ಜೀವಗಳೂ ಹೋದವು. ಆಮೇಲೆ ಆದದ್ದೇನು? ಎಮ್ಮೆಗಳು ಮೇಯದ ಕಾರಣ ಹುಲ್ಲು ಬೇಕಾಬಿಟ್ಟಿ ಬೆಳೆದು ತಿಳಿನೀರನ್ನೇ ಮುಚ್ಚಿತು. ಬಾತುಗಳಿಗೆ ಈಜಲು, ಮೀನು ಹಿಡಿಯುವ ಹಕ್ಕಿಗಳಿಗೆ ಬೇಟೆಯಾಡಲು ಜಾಗವಿಲ್ಲದೆ ಅನೇಕ ಬಗೆಯ ಹಕ್ಕಿಗಳ ಸಂಖ್ಯೆ ಕುಗ್ಗಿತು. ಎಮ್ಮೆಗಳೇ ಆ ನೀರನ್ನು ತೆರೆದಿಡುತ್ತಿದ್ದವು ಎಂಬುದನ್ನು ವರ್ಷಗಟ್ಟಲೆ ಅಳೆದು ನೋಡಿ ತೋರಿಸಿದ್ದು ಬೇರೆ ಯಾರೂ ಅಲ್ಲ, ಸಲೀಂ ಅಲಿಯವರದೇ ಆದ ಮುಂಬಯಿಯ ಸೊಸೈಟಿ. ನೋಡಿದ ಮೇಲೆಯೇ ನುಡಿಯಬೇಕು ಎಂಬ ಪಾಠವನ್ನು ಕಿಹಿಮ್‌ನ ಗೀಜಗಗಳ ಮುಂದೆ ಕುಳಿತು ಕಲಿತಿದ್ದವರು, ಎಮ್ಮೆಗಳ ವಿಷಯದಲ್ಲಿ ನೋಡುವ ಮೊದಲೇ ತೀರ್ಮಾನಕ್ಕೆ ಬಂದರು. ಆದರೆ ಅವರು ಕಲಿಸಿದ ವಿಧಾನವೇ ಅವರ ತಪ್ಪನ್ನು ತಿದ್ದಿತು. ವಿದ್ಯೆಯ ಬಲವೆಂದರೆ ಇದು.

ನಮ್ಮ ಕರ್ನಾಟಕದಲ್ಲಿಯೇ ಇದಕ್ಕೆ ಎದುರಾದ ಉದಾಹರಣೆಯಿದೆ. ಮಂಡ್ಯ ಜಿಲ್ಲೆಯ ಕೊಕ್ಕರೆ ಬೆಳ್ಳೂರಿನಲ್ಲಿ ಕೊಕ್ಕರೆಗಳು ಊರೊಳಗಿನ ಮರಗಳ ಮೇಲೆಯೇ ಗೂಡು ಕಟ್ಟುತ್ತವೆ. ಜನ ಅವುಗಳನ್ನು ಮನೆಮಕ್ಕಳಂತೆ ಕಾಣುತ್ತಾರೆ, ಹಿಕ್ಕೆ ಹೊಲಕ್ಕೆ ಗೊಬ್ಬರವಾಗುತ್ತದೆ. ಬೇಲಿಯಿಲ್ಲದೆಯೂ ಹಕ್ಕಿ ಉಳಿಯಬಲ್ಲದು, ಜನ ಜೊತೆಗಿದ್ದರೆ. ನಮ್ಮ ರೇಣುಕಾ ಸಾಗರದಲ್ಲಿ ತೆಪ್ಪ ಹಾಕಿ ಬಲೆ ಬೀಸುವ ಮೀನುಗಾರ, ದಂಡೆಯಲ್ಲಿ ಕುರಿ ಮೇಯಿಸುವ ಕುರುಬ, ನೀರು ಇಳಿದ ಮೇಲೆ ಅಂಚಿನಲ್ಲಿ ಬಿತ್ತುವ ರೈತ, ಇವರನ್ನು ಹೊರಗಿಟ್ಟು ಹಕ್ಕಿಗಳನ್ನು ಕಾಪಾಡುತ್ತೇವೆ ಎನ್ನುವ ಮಾತು ನಡೆಯದು. ಯಾವ ಬಗೆಯ ಹಕ್ಕಿ ಯಾವ ತಿಂಗಳು ಎಲ್ಲಿ ಇಳಿಯುತ್ತದೆ ಎಂದು ಮೊದಲು ತಿಳಿದಿರುವವರೇ ಅವರು.

ಕೊನೆಯ ದಿನಗಳು ಮತ್ತು ನಮ್ಮ ಕೆಲಸ

ಗೌರವಗಳು ಒಂದರ ಹಿಂದೆ ಒಂದು ಬಂದವು. 1958ರಲ್ಲಿ ಪದ್ಮಭೂಷಣ, 1976ರಲ್ಲಿ ಪದ್ಮವಿಭೂಷಣ. ಪದವಿಯಿಲ್ಲವೆಂದು ಕೆಲಸ ಸಿಗದಿದ್ದ ಮನುಷ್ಯನಿಗೆ 1958ರಲ್ಲಿ ಅಲಿಗಢ ಮುಸ್ಲಿಂ ವಿಶ್ವವಿದ್ಯಾಲಯ ಗೌರವ ಡಾಕ್ಟರೇಟ್ ನೀಡಿತು. 1967ರಲ್ಲಿ ಬ್ರಿಟಿಷ್ ಪಕ್ಷಿವಿಜ್ಞಾನಿಗಳ ಸಂಘ ತನ್ನ ಚಿನ್ನದ ಪದಕವನ್ನು ಮೊದಲ ಬಾರಿಗೆ ಬ್ರಿಟಿಷರಲ್ಲದವರೊಬ್ಬರಿಗೆ, ಅಂದರೆ ಇವರಿಗೆ ಕೊಟ್ಟಿತು. 1976ರಲ್ಲಿ ಬಂದ ಪಾಲ್ ಗೆಟ್ಟಿ ಪ್ರಶಸ್ತಿಯ ಐವತ್ತು ಸಾವಿರ ಡಾಲರ್ ಹಣ ನಿಸರ್ಗ ಸಂರಕ್ಷಣಾ ನಿಧಿಗೆ ಹೋಯಿತು. 1985ರಲ್ಲಿ ರಾಜ್ಯಸಭೆಗೆ ನಾಮಕರಣಗೊಂಡರು. 1987ರಲ್ಲಿ, ತೊಂಬತ್ತರ ಹಿರಿಯ ವಯಸ್ಸಿನಲ್ಲಿ, ಹುಟ್ಟಿದ ಮುಂಬಯಿಯಲ್ಲಿಯೇ ಕೊನೆಯುಸಿರೆಳೆದರು. ಅವರ ಹೆಸರಿನ ಪಕ್ಷಿವಿಜ್ಞಾನ ಕೇಂದ್ರ 1990ರಲ್ಲಿ ಕೊಯಮತ್ತೂರಿನಲ್ಲಿ ಆರಂಭವಾಯಿತು.

ಅವರು ತೀರಿಕೊಂಡ 1987ರಲ್ಲಿಯೇ ಏಷ್ಯಾದ ನೀರುಹಕ್ಕಿಗಳ ಗಣತಿ ಎಂಬ ಕಾರ್ಯ ಶುರುವಾಯಿತು. ಅದು ಪ್ರತಿವರ್ಷ ಜನವರಿಯಲ್ಲಿ ನಡೆಯುತ್ತದೆ. ಸಂಬಳದ ನೌಕರರಲ್ಲ, ವಿದ್ಯಾರ್ಥಿಗಳು, ಶಿಕ್ಷಕರು, ಆಸಕ್ತ ಸಾಮಾನ್ಯರು ತಮ್ಮ ಊರಿನ ಕೆರೆ-ನದಿಗಳ ದಂಡೆಗೆ ಹೋಗಿ ಹಕ್ಕಿಗಳನ್ನು ಎಣಿಸಿ ಬರೆದು ಕಳಿಸುತ್ತಾರೆ. ಇಂದು ಕೈಯಲ್ಲಿರುವ ಮೊಬೈಲಿನಿಂದಲೇ ಇ-ಬರ್ಡ್ ಎಂಬ ಉಚಿತ ವ್ಯವಸ್ಥೆಗೆ ಲೆಕ್ಕ ಸೇರಿಸಬಹುದು. ಸಲೀಂ ಅಲಿಯವರಿಗೆ ಈ ಅನುಕೂಲ ಇರಲಿಲ್ಲ.

2019ರ ಆಗಸ್ಟಿನಲ್ಲಿ ಮಲಪ್ರಭೆ ಉಕ್ಕಿ ರಾಮದುರ್ಗದ ಮನೆಗಳಿಗೆ ನುಗ್ಗಿದ್ದು ನಮಗೆ ನೆನಪಿದೆ. ಮಳೆ ಕೈಕೊಟ್ಟ ವರ್ಷಗಳಲ್ಲಿ ಜಲಾಶಯದ ತಳ ಕಂಡದ್ದೂ ನೆನಪಿದೆ. ಈ ಏರಿಳಿತಗಳಲ್ಲಿ ಮನುಷ್ಯರ ನಷ್ಟವನ್ನು ಸರಕಾರ ಲೆಕ್ಕ ಹಾಕುತ್ತದೆ. ನೀರಿನ ಅಂಚಿನ ಜೀವಿಗಳ ಲೆಕ್ಕವನ್ನು ಇಡುವವರು ಯಾರು? ಲೆಕ್ಕವೇ ಇಲ್ಲದ ವಸ್ತು ಕಳೆದುಹೋದರೆ ಕಳೆದಿದೆ ಎಂದು ಗೊತ್ತಾಗುವುದೂ ಇಲ್ಲ.

ಆದ್ದರಿಂದ ನಿಮ್ಮಲ್ಲಿ ಒಂದೇ ವಿನಂತಿ. ಒಂದು ಇಪ್ಪತ್ತು ರೂಪಾಯಿಯ ನೋಟ್‌ಬುಕ್ಕು ಕೊಳ್ಳಿರಿ. ಬರುವ ಜನವರಿಯ ಒಂದು ಮುಂಜಾನೆ ಎಂ.ಕೆ. ಹುಬ್ಬಳ್ಳಿಯ ಸೇತುವೆಯ ಬಳಿಯೋ, ಸಂಗೊಳ್ಳಿಯ ಹೊಳೆಯ ದಂಡೆಯಲ್ಲೋ, ಮುನವಳ್ಳಿಯ ಬಳಿಯೋ, ರಾಮದುರ್ಗದ ನದಿಯ ಮಗ್ಗುಲಲ್ಲೋ ಒಂದು ತಾಸು ಕುಳಿತುಕೊಳ್ಳಿರಿ. ತಾರೀಖು, ಸ್ಥಳ, ಕಂಡ ಹಕ್ಕಿ, ಎಷ್ಟು, ಏನು ಮಾಡುತ್ತಿತ್ತು ಎಂದು ಬರೆಯಿರಿ. ಹೆಸರು ಗೊತ್ತಿಲ್ಲದಿದ್ದರೆ ಬಣ್ಣ, ಕೊಕ್ಕು, ಕಾಲು ಹೇಗಿದ್ದವು ಎಂದು ಬರೆಯಿರಿ. ಅಲ್ಲಿ ಬಲೆ ಎಳೆಯುತ್ತಿರುವ ಮೀನುಗಾರರನ್ನು ಕೇಳಿ, ಅವರು ಕರೆಯುವ ಹೆಸರನ್ನೂ ಪಕ್ಕದಲ್ಲಿ ದಾಖಲಿಸಿರಿ. ಮುಂದಿನ ವರ್ಷ ಅದೇ ದಿನ, ಅದೇ ಜಾಗಕ್ಕೆ ಮತ್ತೆ ಹೋಗಿರಿ. ಶಿಕ್ಷಕರು ಮತ್ತು ಪಾಲಕರಲ್ಲಿ ಇನ್ನೊಂದು ಮಾತು: ಇದು ಯಾವ ಹಕ್ಕಿ ಎಂದು ಮಗು ಕೇಳಿ ಬಂದರೆ, ಓದುವುದನ್ನು ಬಿಟ್ಟು ಇದೇನು ಎಂದು ಗದರಿಸಬೇಡಿರಿ. ಗೊತ್ತಿದ್ದರೆ ಹೇಳಿರಿ, ಗೊತ್ತಿಲ್ಲದಿದ್ದರೆ ಗೊತ್ತಿರುವವರ ಕಡೆಗೆ ಕಳಿಸಿರಿ.